ಬ್ರೂಕ್ ಅವರ 'ಮಹಾಭಾರತ'ದಲ್ಲಿ ಭೀಷ್ಮನಾಗಿದ್ದ ಆಫ್ರಿಕದ ನಟ ಯಾರು?

ಪ್ರಶ್ನೆ | ತಾಳಮದ್ದಲೆ ಪ್ರಿಯ

ಎಲ್ಲರಿಗೂ ನಮಸ್ಕಾರ. ಪೀಟರ್ ಬ್ರೂಕ್ ನಿರ್ದೇಶಿಸಿದ 1989ರ 'ಮಹಾಭಾರತ'ದ ಐದೂವರೆ ಗಂಟೆಯ ಆವೃತ್ತಿಯನ್ನು ಕಳೆದ ವಾರ ಮೂರು ರಾತ್ರಿ ಕುಳಿತು ನೋಡಿ ಮುಗಿಸಿದೆ. ಅರ್ಜುನನಾಗಿ ಇಟಲಿಯವರು, ಧರ್ಮರಾಯನಾಗಿ ಪೋಲೆಂಡಿನವರು, ಭೀಮನಾಗಿ ಸೆನೆಗಲ್‌ನವರು, ದ್ರೋಣನಾಗಿ ಜಪಾನಿನ ಯೋಶಿ ಓಯಿದಾ, ದ್ರೌಪದಿಯಾಗಿ ನಮ್ಮ ಮಲ್ಲಿಕಾ ಸಾರಾಭಾಯ್ ಇರುವ ಆ ಚಿತ್ರದಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದವರು ಭೀಷ್ಮನ ಪಾತ್ರಧಾರಿ. ಬಹಳ ಎತ್ತರದ, ಕಡ್ಡಿಯಂತೆ ತೆಳ್ಳಗಿನ, ಮುಖದಲ್ಲಿ ಆಳವಾದ ಗೆರೆಗಳಿರುವ ಆಫ್ರಿಕದ ಹಿರಿಯರು ಅವರು.

ಚಿಕ್ಕಂದಿನಿಂದ ತಾಳಮದ್ದಲೆ ಕೇಳುತ್ತ ಬೆಳೆದವನಿಗೆ ಭೀಷ್ಮನೆಂದರೆ ಮಾತು. ಮಾತಿಗೆ ಮಾತು ಕೂಡಿಸಿ ಎದುರಾಳಿಯನ್ನು ಕಟ್ಟಿಹಾಕುವ ಅರ್ಥಧಾರಿಗಳ ಭೀಷ್ಮನೇ ನನ್ನ ಕಿವಿಯಲ್ಲಿದ್ದಾನೆ. ಈ ನಟರು ದನಿ ಏರಿಸುವುದೇ ಅಪರೂಪ, ಕೈ ಆಡಿಸುವುದೂ ಅಪರೂಪ. ಆದರೂ ಕುರುಕುಲದ ಭಾರವೆಲ್ಲ ಅವರ ಹೆಗಲ ಮೇಲಿದೆ ಎಂಬುದು ಅವರು ನಿಂತ ರೀತಿಯಿಂದಲೇ ತಿಳಿಯುತ್ತದೆ. ಇವರು ಯಾರು, ಎಲ್ಲಿಯವರು, ಭೀಷ್ಮನ ತನಕ ಹೇಗೆ ಬಂದರು, ಆಮೇಲೆ ಏನು ಮಾಡಿದರು ಎಂಬುದನ್ನು ಬಲ್ಲವರು ವಿವರವಾಗಿ ತಿಳಿಸಬೇಕೆಂದು ವಿನಂತಿ.

ಉತ್ತರ | ರಂಗಭೂಮಿ ವಿದ್ಯಾರ್ಥಿನಿ

ನಮಸ್ಕಾರ. ಆ ನಟರ ಹೆಸರು ಸೋತಿಗಿ ಕೂಯಾತೆ. ಈಗಿನ ಮಾಲಿ ದೇಶದ ರಾಜಧಾನಿ ಬಮಾಕೊ ಫ್ರೆಂಚರ ಕೈಯಲ್ಲಿದ್ದ ಕಾಲದಲ್ಲಿ, 1936ರ ಜುಲೈ 19ರಂದು, ಅಲ್ಲಿಯೇ ಹುಟ್ಟಿದರು. ಮನೆತನದ ಮೂಲ ಗಿನಿ. ಬೆಳೆದದ್ದು, ನಟರಾಗಿ ರೂಪುಗೊಂಡದ್ದು ಅಪ್ಪರ್ ವೋಲ್ಟಾದಲ್ಲಿ. ಆ ದೇಶವೇ 1984ರಲ್ಲಿ ತಾಮಸ್ ಸಂಕಾರಾ ಅವರ ಆಡಳಿತದಲ್ಲಿ ಬುರ್ಕಿನಾ ಫಾಸೊ ಎಂಬ ಹೆಸರು ಪಡೆಯಿತು. ಆದ್ದರಿಂದ ಅವರನ್ನು ಮಾಲಿಯವರೆಂದೂ ಬುರ್ಕಿನಾದವರೆಂದೂ ಬರೆಯುತ್ತಾರೆ, ಎರಡೂ ಸರಿಯೇ. ಬಿಳಿಯರು ಗೆರೆ ಎಳೆದು ದೇಶಗಳನ್ನು ಮಾಡುವ ಮೊದಲು ಆ ಸೀಮೆಯೆಲ್ಲ ಮಾಂಡೆ ಜನರು ಓಡಾಡಿಕೊಂಡಿದ್ದ ಒಂದೇ ನೆಲವಾಗಿತ್ತು.

ತಾರುಣ್ಯದಲ್ಲಿ ಅವರು ಫುಟ್‌ಬಾಲ್ ಆಟಗಾರರು, ರಾಷ್ಟ್ರೀಯ ತಂಡದಲ್ಲಿ ಆಡಿದವರು. 1966ರಲ್ಲಿ ಗೆಳೆಯರೊಬ್ಬರ ಐತಿಹಾಸಿಕ ನಾಟಕದಲ್ಲಿ ರಾಜನ ಸಲಹೆಗಾರನ ಪಾತ್ರ ಮಾಡಿದ್ದೇ ರಂಗದ ಮೇಲಿನ ಮೊದಲ ಹೆಜ್ಜೆ. ಸಿಂಹಾಸನದ ಮೇಲೆ ಕೂರುವವನಲ್ಲ, ಅದರ ಪಕ್ಕದಲ್ಲಿ ನಿಲ್ಲುವವನ ಪಾತ್ರ ಎಂಬುದನ್ನು ದಯವಿಟ್ಟು ನೆನಪಿನಲ್ಲಿಡಿ. ಅದೇ ವರ್ಷ ಇಪ್ಪತ್ತೈದು ಜನರ ತಂಡ ಕಟ್ಟಿದರು, ಸ್ವಲ್ಪ ಸಮಯದಲ್ಲೇ ತಾವೇ ನಾಟಕ ಬರೆದರು. 1972ರಲ್ಲಿ ನೈಜರ್ ದೇಶದ ನಿರ್ದೇಶಕ ಮುಸ್ತಫಾ ಅಲಸ್ಸಾನ್ ಅವರ ಚಿತ್ರದಲ್ಲಿ ನಟಿಸಿದರು. ಆಫ್ರಿಕದ ಸಿನಿಮಾಕ್ಕೇ ಮೀಸಲಾದ ಫೆಸ್ಪಾಕೊ ಉತ್ಸವ ಅಪ್ಪರ್ ವೋಲ್ಟಾದ ರಾಜಧಾನಿ ವಾಗಾಡುಗುವಿನಲ್ಲಿ 1969ರಲ್ಲಿ ಆರಂಭವಾಗಿದ್ದರೂ ಆ ಭಾಗದಲ್ಲಿ ತಯಾರಾಗುತ್ತಿದ್ದ ಚಿತ್ರಗಳು ಬೆರಳೆಣಿಕೆಯವು. ಸಿನಿಮಾ ನಟನೆಯನ್ನೇ ನಂಬಿ ಬದುಕುವ ಸ್ಥಿತಿ ಯಾರಿಗೂ ಇರಲಿಲ್ಲ.

1980ರ ದಶಕದ ಆರಂಭದಲ್ಲಿ ಕ್ರಿಸ್ತಿಯಾನ್ ರಿಷಾರ್ ನಿರ್ದೇಶನದಲ್ಲಿ, ಗುಲಾಮರನ್ನು ಹಿಡಿದೊಯ್ಯುತ್ತಿದ್ದ ಕಾಲದ ಕತೆಯಿರುವ ಒಂದು ಚಿತ್ರ ಬಂತು. ಬ್ರೂಕ್ ಅವರ ಬಳಗದ ಕಣ್ಣಿಗೆ ಕೂಯಾತೆ ಬಿದ್ದದ್ದು ಆ ಚಿತ್ರದಿಂದ. 1985ರ ಜುಲೈನಲ್ಲಿ ಫ್ರಾನ್ಸಿನ ಆವಿನ್ಯೋಂ ಉತ್ಸವದಲ್ಲಿ, ಊರ ಹೊರಗಿನ ಕಲ್ಲುಕ್ವಾರಿಯೊಂದರಲ್ಲಿ, ಒಂಬತ್ತು ಗಂಟೆಯ 'ಮಹಾಭಾರತ' ಮೊದಲ ಬಾರಿ ರಂಗವೇರಿತು. ಕೆಲವು ರಾತ್ರಿ ಕತ್ತಲಾದ ಮೇಲೆ ಆರಂಭವಾಗಿ ಬೆಳಗಿನ ತನಕ ನಡೆಯುತ್ತಿತ್ತು. ಬಯಲಾಟ ನೋಡಿದ ನಮಗೆ ಇದರಲ್ಲಿ ಹೊಸತೇನಿಲ್ಲ, ಆದರೆ ಯುರೋಪಿನ ಪ್ರೇಕ್ಷಕರಿಗೆ ಅದು ದೊಡ್ಡ ಅನುಭವವಾಯಿತು. ಅಲ್ಲಿಂದ ಮುಂದೆ ಎರಡು ದಶಕ ಅವರು ಬ್ರೂಕ್ ಅವರೊಂದಿಗೇ ಇದ್ದರು. 1990ರಲ್ಲಿ ಶೇಕ್ಸ್‌ಪಿಯರ್‌ನ 'ದಿ ಟೆಂಪೆಸ್ಟ್' ನಾಟಕದಲ್ಲಿ ಪ್ರಾಸ್ಪೆರೊ ಆದರು. ತೆರೆಯ ಮೇಲೆ ಬೆರ್ತೊಲುಚಿ ಅವರ 'ದಿ ಶೆಲ್ಟರಿಂಗ್ ಸ್ಕೈ', ಸ್ಟೀಫನ್ ಫ್ರಿಯರ್ಸ್ ಅವರ 'ಡರ್ಟಿ ಪ್ರೆಟಿ ಥಿಂಗ್ಸ್' ಮೊದಲಾದವುಗಳಲ್ಲಿ ಸಣ್ಣ ಪಾತ್ರಗಳು, ಆಫ್ರಿಕದ ನಿರ್ದೇಶಕರ ಚಿತ್ರಗಳಲ್ಲಿ ದೊಡ್ಡ ಪಾತ್ರಗಳು ದೊರೆತವು. 2009ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟನಿಗೆ ಕೊಡುವ ಬೆಳ್ಳಿಕರಡಿ ಪ್ರಶಸ್ತಿ ಬಂತು. ಅದಾಗಿ ವರ್ಷ ಕಳೆಯುತ್ತಲೇ, 2010ರ ಏಪ್ರಿಲ್ 17ರಂದು, ಪ್ಯಾರಿಸ್‌ನಲ್ಲಿ ತೀರಿಕೊಂಡರು. ಆಗ ಅವರಿಗೆ 73 ವರ್ಷ.

ಉತ್ತರ | ಬಯಲುಸೀಮೆಯವ

ಮೇಲಿನವರು ಬದುಕಿನ ಕ್ರಮವನ್ನು ಚೆನ್ನಾಗಿ ತಿಳಿಸಿದ್ದಾರೆ. ಆದರೆ ಕೂಯಾತೆ ಎಂಬ ಹೆಸರನ್ನು ಬಿಡಿಸಿ ಹೇಳದಿದ್ದರೆ ಆ ಭೀಷ್ಮ ಎಲ್ಲಿಂದ ಬಂದನೆಂಬುದು ತಿಳಿಯುವುದಿಲ್ಲ. ಕೆಲಸದ ನಿಮಿತ್ತ ಎರಡು ವರ್ಷ ಬಮಾಕೊದಲ್ಲಿದ್ದವನಾಗಿ ನನಗೆ ತಿಳಿದಷ್ಟನ್ನು ಬರೆಯುತ್ತೇನೆ.

ಕೂಯಾತೆ ಎಂಬುದು ಒಂದು ಕುಲದ ಹೆಸರು. ಆ ಕುಲದವರು ಹುಟ್ಟಿನಿಂದಲೇ 'ಜೆಲಿ'ಗಳು. ಫ್ರೆಂಚಿನಲ್ಲಿ ಇವರಿಗೆ ಗ್ರಿಯೊ ಎನ್ನುತ್ತಾರೆ. ಅಲ್ಲಿನ ಬಂಬರಾ ಭಾಷೆಯಲ್ಲಿ ಜೆಲಿ ಎಂದರೆ ನೆತ್ತರು ಎಂಬ ಅರ್ಥವೂ ಇದೆ. ಮೈಯಲ್ಲಿ ನೆತ್ತರು ಹರಿದಾಡುವ ಹಾಗೆ ಸಮಾಜದಲ್ಲಿ ಮಾತನ್ನು ಹರಿದಾಡಿಸುವವರು ಇವರು. ಹದಿಮೂರನೆಯ ಶತಮಾನದಲ್ಲಿ ಮಾಲಿ ಸಾಮ್ರಾಜ್ಯ ಸ್ಥಾಪಿಸಿದ ಸುಂಜಾತಾ ಕೇಯಿಟಾನಿಗೆ ಅವನ ತಂದೆ ಬಾಲಾ ಫಸೇಕೆ ಎಂಬ ಜೆಲಿಯನ್ನು ಒಪ್ಪಿಸಿದನೆಂದು ಅಲ್ಲಿನ ಮಹಾಕಾವ್ಯ ಹೇಳುತ್ತದೆ. ಆ ಬಾಲಾ ಫಸೇಕೆಯೇ ಕೂಯಾತೆಗಳ ಮೂಲಪುರುಷ. ಅಂದಿನಿಂದ ಕೇಯಿಟಾ ಮನೆತನದವರಿಗೆ ಕೂಯಾತೆಗಳೇ ಜೆಲಿಗಳು. ಬಾಲಾ ಫಸೇಕೆ ನುಡಿಸಿದನೆಂದು ನಂಬಲಾದ ಮರದ ಪಟ್ಟಿಗಳ ವಾದ್ಯ, 'ಸೋಸೊ ಬಾಲಾ', ಈಗಲೂ ಗಿನಿಯ ನ್ಯಾಗಸ್ಸೋಲಾ ಎಂಬ ಹಳ್ಳಿಯಲ್ಲಿ ಕೂಯಾತೆ ಮನೆತನದವರ ಕಾವಲಿನಲ್ಲಿದೆ. ಯುನೆಸ್ಕೊ ಇದನ್ನು 2001ರಲ್ಲಿ ಮಾನವಕುಲದ ಪರಂಪರೆಯ ಪಟ್ಟಿಗೆ ಸೇರಿಸಿತು.

ನಮ್ಮ ಕಡೆ ಸುಗ್ಗಿ ಮುಗಿದ ಮೇಲೆ ಎತ್ತಿನ ಮೇಲೆ ಬರುತ್ತಿದ್ದ ಹೆಳವರನ್ನು ನೋಡಿದವರಿಗೆ ಜೆಲಿಯನ್ನು ಅರ್ಥ ಮಾಡಿಕೊಳ್ಳುವುದು ಸುಲಭ. ಅಂಗಳದಲ್ಲಿ ನಿಂತು, ನಮ್ಮ ಮುತ್ತಜ್ಜನ ಮುತ್ತಜ್ಜ ಯಾವ ಊರು ಬಿಟ್ಟು ಯಾವ ಊರಿಗೆ ಬಂದ, ಯಾರಿಗೆ ಎಷ್ಟು ಮಕ್ಕಳು, ಯಾವ ಹೆಣ್ಣನ್ನು ಎಲ್ಲಿಗೆ ಕೊಟ್ಟರು ಎಂಬುದನ್ನು ಹೆಳವರು ಒಂದೇ ಉಸಿರಿಗೆ ಹೇಳುವಾಗ ಮನೆಯ ಹಿರಿಯರು ಕೈಕಟ್ಟಿ ನಿಂತು ಕೇಳುತ್ತಿದ್ದರು. ಜೆಲಿಯ ಕೆಲಸದಲ್ಲಿ ಇದೆಲ್ಲ ಇದೆ, ಇದಕ್ಕಿಂತ ಹೆಚ್ಚಿನದೂ ಇದೆ. ಜಗಳವಾಡಿದ ಎರಡು ಮನೆಗಳ ನಡುವೆ ಹೋಗಿ ಬಂದು ಮಾತು ಕೂಡಿಸುವುದು, ಮದುವೆಯ ಸಂಬಂಧ ಕುದುರಿಸುವುದು, ದೊರೆಗೆ ಬೇರೆ ಯಾರೂ ಹೇಳಲಾರದ ಮಾತನ್ನು ಎದುರು ನಿಂತು ಹೇಳುವುದು, ಎಲ್ಲವೂ ಅವನ ಪಾಲಿನದು. ಬಮಾಕೊದಲ್ಲಿ ನೆರೆಮನೆಯ ಮದುವೆಗೆ ಹೋಗಿದ್ದಾಗ ಜೆಲಿ ಹೆಂಗಸೊಬ್ಬರು ವರನ ತಾತನ ಹೆಸರು ಹಿಡಿದು ಹಾಡಿದರು. ಅದುವರೆಗೆ ಗತ್ತಿನಿಂದ ಕುಳಿತಿದ್ದ ವರನ ದೊಡ್ಡಪ್ಪ ಎದ್ದು ಬಂದು, ಕಣ್ಣೊರೆಸಿಕೊಳ್ಳುತ್ತ, ಅವರ ಕೈಗೆ ನೋಟುಗಳನ್ನಿಟ್ಟದ್ದು ಇಂದಿಗೂ ನನ್ನ ಕಣ್ಣ ಮುಂದಿದೆ.

ಈಗ ಭೀಷ್ಮನನ್ನು ನೆನೆಯಿರಿ. ಸಿಂಹಾಸನ ತನ್ನದಲ್ಲ, ಆದರೆ ವಂಶದ ನೆನಪೆಲ್ಲ ತನ್ನದು. ಮೂರು ತಲೆಮಾರುಗಳಿಗೆ ಮದುವೆ ಕೂಡಿಸಿದವನು, ಎರಡು ಪಾಳೆಯದವರೂ ಅಜ್ಜ ಎನ್ನುವವನು, ದೊರೆಗೆ ಬುದ್ಧಿ ಹೇಳಬೇಕಾದವನು. ಕೂಯಾತೆಯವರಿಗೆ ಈ ಪಾತ್ರ ಪರದೇಶದ್ದು ಅನ್ನಿಸಿರಲು ಸಾಧ್ಯವೇ ಇಲ್ಲ ಎಂದು ನಾನು ನಂಬುತ್ತೇನೆ. ಅವರ ಹಿರಿಯರು ಏಳುನೂರು ವರ್ಷಗಳಿಂದ ನಿಂತಿದ್ದದ್ದು ಆ ಜಾಗದಲ್ಲಿಯೇ.

ಇದನ್ನು ಕಣ್ಣಾರೆ ಕಾಣಬೇಕಾದರೆ ಅವರ ಮಗ ದಾನಿ ಕೂಯಾತೆ ನಿರ್ದೇಶಿಸಿದ 1995ರ 'ಕೇಯಿಟಾ' ಚಿತ್ರವನ್ನು ನೋಡಬೇಕು. ವಾಗಾಡುಗುವಿನ ಅನುಕೂಲಸ್ಥ ಮನೆಯೊಂದಕ್ಕೆ ಹಳ್ಳಿಯಿಂದ ಒಬ್ಬ ಮುದಿ ಜೆಲಿ ಬರುತ್ತಾನೆ. ಆ ಮನೆಯ ಹುಡುಗ ಮಾಬೊ ಕೇಯಿಟಾನಿಗೆ ಅವನ ಹೆಸರಿನ ಹುಟ್ಟನ್ನು ಹೇಳಿ ಹೋಗುವುದಷ್ಟೇ ಅವನ ಉದ್ದೇಶ. ಶಾಲೆಯಲ್ಲಿ ಮಾನವನ ಪೂರ್ವಜರು ಗೊರಿಲ್ಲಾಗಳೆಂಬ ಪಾಠ, ಮನೆಯ ಅಂಗಳದಲ್ಲಿ ಸುಂಜಾತಾನ ಕತೆ. ಕತೆಯ ಸೆಳೆತಕ್ಕೆ ಸಿಕ್ಕಿದ ಹುಡುಗ ಪಾಠ ಮರೆಯುತ್ತಾನೆ, ತಾಯಿ ಸಿಡಿಮಿಡಿಗೊಳ್ಳುತ್ತಾಳೆ, ಮೇಷ್ಟರು ಮನೆಗೆ ಬಂದು ವಾದಿಸುತ್ತಾರೆ. ಜೆಲಿಯಾಗಿ ಸೋತಿಗಿ ಅವರೇ ಇದ್ದಾರೆ. ಮೇಷ್ಟರನ್ನು ಹಾಸ್ಯದ ಗೊಂಬೆಯನ್ನಾಗಿ ಮಾಡದೆ, ಜೆಲಿಯನ್ನು ದೇವರನ್ನಾಗಿಯೂ ಮಾಡದೆ, ಇಬ್ಬರ ಮಾತನ್ನೂ ಗೌರವದಿಂದ ಕೇಳಿಸುವುದು ಆ ಚಿತ್ರದ ದೊಡ್ಡ ಗುಣ. ಜೆಲಿ ಕತೆಯನ್ನು ಪೂರ್ತಿ ಮಾಡದೆಯೇ ಊರಿಗೆ ಹಿಂದಿರುಗುತ್ತಾನೆ. ಉಳಿದದ್ದನ್ನು ಹುಡುಗನೇ ಹುಡುಕಿಕೊಳ್ಳಬೇಕು. ಮಗ ಕ್ಯಾಮೆರಾದ ಹಿಂದೆ, ಅಪ್ಪ ಮುಂದೆ ನಿಂತು ತಮ್ಮ ಕುಲದ ಕಸುಬನ್ನೇ ತೆರೆಗೆ ತಂದದ್ದರಿಂದಲೋ ಏನೋ, ಎಲ್ಲಿಯೂ ನಟನೆ ಎಂದು ಅನ್ನಿಸುವುದಿಲ್ಲ.

ತಾಳಮದ್ದಲೆ ಪ್ರಿಯ

ಇಬ್ಬರಿಗೂ ಮನಃಪೂರ್ವಕ ವಂದನೆಗಳು. ಹೆಳವರ ಹೋಲಿಕೆಯಿಂದ ನನಗೆ ಬಹಳಷ್ಟು ತಿಳಿಯಿತು. ಇನ್ನೊಂದು ಸಂದೇಹವಿದೆ. ಬ್ರೂಕ್ ಅವರ ಪ್ರಯೋಗವನ್ನು ನಮ್ಮ ದೇಶದ ಹಲವರು ಕಟುವಾಗಿ ಟೀಕಿಸಿದ್ದಾರೆಂದು ಓದಿದ್ದೇನೆ. ಆ ಟೀಕೆ ಸರಿಯಾದರೆ ಈ ನಟರ ಭೀಷ್ಮನನ್ನು ನಾವು ಹೇಗೆ ನೋಡಬೇಕು? ಚಿತ್ರದಲ್ಲಿ ಪರಶುರಾಮನ ಪಾತ್ರವನ್ನೂ ಅವರೇ ಮಾಡಿರುವುದನ್ನು ಕಂಡು ನನಗೆ ಆಶ್ಚರ್ಯವಾಯಿತು. 'ಭೀಷ್ಮ ವಿಜಯ' ಪ್ರಸಂಗ ಕೇಳಿದವರಿಗೆ ಅವರಿಬ್ಬರು ಅಂಬೆಯ ಕಾರಣಕ್ಕೆ ಎದುರಾಎದುರು ನಿಂತು ಕಾದಾಡಿದ ಗುರುಶಿಷ್ಯರಲ್ಲವೇ!

ಉತ್ತರ | ಹಳೆಯ ಓದುಗ

ಟೀಕೆ ನಿಜ, ಅದರಲ್ಲಿ ಹುರುಳೂ ಇದೆ. ಮುಖ್ಯವಾಗಿ ರುಸ್ತುಂ ಭರೂಚಾ ಅವರು 1980ರ ದಶಕದ ಕೊನೆಯಲ್ಲಿ ಬರೆದ ವಿಮರ್ಶೆಯಲ್ಲಿ, ಭಾರತದ ನಂಬಿಕೆ, ಆಚರಣೆ, ಸಮಾಜ ವ್ಯವಸ್ಥೆಗಳಿಂದ ಕತೆಯನ್ನು ಬಿಡಿಸಿಕೊಂಡು ಎಲ್ಲರದೂ ಎಂಬ ಹೆಸರಿನಲ್ಲಿ ಯಾರದೂ ಅಲ್ಲದಂತೆ ಮಾಡಲಾಗಿದೆ ಎಂದು ಆಕ್ಷೇಪಿಸಿದರು. ಗೀತೋಪದೇಶ ಕೆಲವೇ ನಿಮಿಷಗಳಲ್ಲಿ ಮುಗಿದುಹೋಗುವುದನ್ನು ನೋಡಿದಾಗ ನನಗೂ ಅದೇ ಕೊರತೆ ಕಂಡಿತು. ಪಂಪನೂ ಕುಮಾರವ್ಯಾಸನೂ ಮಾಡಿದ ಬದಲಾವಣೆಗಳು ಈ ನೆಲದ ಒಳಗಿನಿಂದಲೇ ಬಂದವು, ತಮ್ಮ ಕೇಳುಗರ ಎದುರು ನಿಂತು ಮಾಡಿದವು. ಹೊರಗಿನಿಂದ ಬಂದು ಆಯ್ದುಕೊಂಡು ಹೋಗುವುದು ಬೇರೆಯೇ ಮಾತು.

ಆದರೆ ಈ ಆಕ್ಷೇಪ ನಿರ್ದೇಶಕರಿಗೂ ರಂಗಪಠ್ಯ ಸಿದ್ಧಪಡಿಸಿದ ಜಾನ್ ಕ್ಲೋದ್ ಕ್ಯಾರಿಯೇರ್ ಅವರಿಗೂ ಸಲ್ಲಬೇಕಾದದ್ದು. ಕೂಯಾತೆ ಅವರನ್ನು ಅದೇ ತಕ್ಕಡಿಯಲ್ಲಿ ತೂಗುವುದು ನ್ಯಾಯವಲ್ಲ. ಯುರೋಪಿನ ಅನೇಕ ನಟರಿಗೆ ಮಹಾಕಾವ್ಯವೆಂದರೆ ಪುಸ್ತಕದಲ್ಲಿರುವುದು. ಬಾಯಿಂದ ಬಾಯಿಗೆ ಬಂದು, ಹಾಡಿದಾಗಲೆಲ್ಲ ಮತ್ತೆ ಹುಟ್ಟುವ ಕಾವ್ಯದ ನಡುವೆ ಬೆಳೆದವರು ಕೂಯಾತೆ. ಆ ತಂಡದಲ್ಲಿ ನಮ್ಮ ಗಮಕಿಗಳ, ಭಾಗವತರ ಪಕ್ಕದಲ್ಲಿ ಸಲೀಸಾಗಿ ಕುಳಿತುಕೊಳ್ಳಬಲ್ಲವರು ಯಾರಾದರೂ ಇದ್ದರೆ ಅದು ಅವರೇ. ಪರಶುರಾಮನ ವಿಷಯ ಹೇಳುವುದಾದರೆ, ಚಿತ್ರದಲ್ಲಿ ಅವನು ಬರುವುದು ಕರ್ಣನ ಗುರುವಾಗಿ, ಶಾಪ ಕೊಡುವವನಾಗಿ. ಸಣ್ಣ ತಂಡದಲ್ಲಿ ಒಬ್ಬರೇ ಹಲವು ಪಾತ್ರ ಮಾಡುವುದು ವಾಡಿಕೆ. ಆದರೂ ಭೀಷ್ಮನಿಗೆ ವಿದ್ಯೆ ಕೊಟ್ಟ ಗುರುವಿಗೂ ಭೀಷ್ಮನ ಮುಖವೇ ಇರುವುದು ಕತೆ ಬಲ್ಲ ನಮಗೆ ಹೆಚ್ಚು ಅರ್ಥ ಕೊಡುತ್ತದೆ.

ಬ್ರೂಕ್ ಅವರೊಂದಿಗೆ ಅವರು ಮಾಡಿದ ಕೆಲಸಗಳಲ್ಲಿ ನನಗೆ ಹೆಚ್ಚು ಮುಖ್ಯವಾಗಿ ಕಾಣುವುದು 2004ರ 'ತಿಯೆರ್ನೊ ಬೋಕಾರ್'. ಮಾಲಿಯ ಬಂಡಿಯಾಗರಾ ಎಂಬ ಊರಿನಲ್ಲಿದ್ದ ಸೂಫಿ ಗುರುವಿನ ಬದುಕನ್ನು ಅವರ ಶಿಷ್ಯ ಆಮದು ಹಂಪಾತೆ ಬಾ ದಾಖಲಿಸಿದ್ದರು. ನಾಟಕಕ್ಕೆ ಅದೇ ಆಧಾರ. ಒಂದು ಪ್ರಾರ್ಥನೆಯನ್ನು ಹನ್ನೊಂದು ಸಲ ಹೇಳಬೇಕೋ ಹನ್ನೆರಡು ಸಲ ಹೇಳಬೇಕೋ ಎಂಬ ಪ್ರಶ್ನೆಯ ಸುತ್ತ ಒಂದೇ ಪಂಥದವರು ಒಡೆದುಹೋಗುತ್ತಾರೆ, ಫ್ರೆಂಚ್ ಅಧಿಕಾರಿಗಳು ಅದನ್ನು ರಾಜಕೀಯ ಮಾಡುತ್ತಾರೆ, ರಕ್ತ ಹರಿಯುತ್ತದೆ. ಎದುರು ಪಕ್ಷದ ಗುರುವಿನೊಂದಿಗೆ ದಿನಗಟ್ಟಲೆ ಮಾತನಾಡಿ, ಅವರ ಮಾತು ಸರಿಯೆಂದು ಕಂಡಾಗ ತಮ್ಮವರನ್ನೆಲ್ಲ ಕಳೆದುಕೊಳ್ಳುವುದಕ್ಕೂ ಸಿದ್ಧರಾಗಿ ಹನ್ನೊಂದನ್ನು ಒಪ್ಪಿಕೊಂಡವರು ತಿಯೆರ್ನೊ ಬೋಕಾರ್. ಆ ಪಾತ್ರ ಕೂಯಾತೆ ಅವರದು. ಕೇಳಿಸಿಕೊಂಡು ಮನಸ್ಸು ಬದಲಿಸಿಕೊಳ್ಳುವ ಮನುಷ್ಯನನ್ನು ರಂಗದ ಮೇಲೆ ತೋರಿಸುವುದು ಬಹಳ ಕಷ್ಟದ ಕೆಲಸ, ಏಕೆಂದರೆ ಅಲ್ಲಿ ನಟನಿಗೆ ಮಾಡಲು ಹೊರಗೇನೂ ಇರುವುದಿಲ್ಲ. ಇದರ ಜೊತೆಗೆ, 1997ರಲ್ಲಿ ಬಮಾಕೊದಲ್ಲಿ ಮಾಂಡೆಕಾ ಎಂಬ ರಂಗತಂಡ ಹುಟ್ಟುಹಾಕಲು ಅವರು ಕಾರಣರಾದರು, ಗ್ರೀಕರ 'ಆಂಟಿಗನಿ'ಯನ್ನು ಮಾಲಿಯ ನಟರಿಂದ ಆಡಿಸಿದರು ಎಂಬುದನ್ನೂ ಹೇಳಬೇಕು. ಪ್ಯಾರಿಸ್‌ನಲ್ಲಿ ಹೆಸರು ಮಾಡಿದ ಮೇಲೆ ಊರನ್ನು ಮರೆತವರಲ್ಲ ಅವರು.

ಉತ್ತರ | ಸಂಜೆ ಪ್ರದರ್ಶನ

ಬೆಳ್ಳಿಕರಡಿ ತಂದುಕೊಟ್ಟ 'ಲಂಡನ್ ರಿವರ್' ಬಗ್ಗೆ ಯಾರೂ ಬರೆಯಲಿಲ್ಲವಾದ್ದರಿಂದ ನಾನು ಬರೆಯುತ್ತೇನೆ. ನನ್ನ ಮಟ್ಟಿಗೆ ಅವರ ಅತ್ಯುನ್ನತ ಕೆಲಸ ಅದೇ.

2005ರ ಜುಲೈ 7ರಂದು ಲಂಡನ್ನಿನ ಸುರಂಗ ರೈಲುಗಳಲ್ಲಿ ಮತ್ತು ಒಂದು ಬಸ್ಸಿನಲ್ಲಿ ಬಾಂಬುಗಳು ಸಿಡಿದು 52 ಮಂದಿ ಅಮಾಯಕರು ಸತ್ತರು. ಅಲ್ಜೀರಿಯಾ ಮೂಲದ ಫ್ರೆಂಚ್ ನಿರ್ದೇಶಕ ರಶೀದ್ ಬುಶಾರೆಬ್ ಕತೆಯನ್ನು ಅಲ್ಲಿಂದ ಎತ್ತಿಕೊಳ್ಳುತ್ತಾರೆ. ಗರ್ನ್‌ಸಿ ದ್ವೀಪದಲ್ಲಿ ಬೇಸಾಯ ಮಾಡಿಕೊಂಡಿರುವ ವಿಧವೆಯೊಬ್ಬರು, ಫೋನಿಗೆ ಸಿಗದ ಮಗಳನ್ನು ಹುಡುಕಿಕೊಂಡು ಲಂಡನ್ನಿಗೆ ಬರುತ್ತಾರೆ. ಈ ಪಾತ್ರ ಬ್ರೆಂಡಾ ಬ್ಲೆತಿನ್ ಅವರದು. ಫ್ರಾನ್ಸಿನಲ್ಲಿ ಕಾಡಿನ ಮರಗಳನ್ನು ನೋಡಿಕೊಳ್ಳುವ ಉಸ್ಮಾನ್, ಚಿಕ್ಕವನಿದ್ದಾಗ ಬಿಟ್ಟುಬಂದ ಮೇಲೆ ಮತ್ತೆ ಕಾಣದ ಮಗನನ್ನು ಹುಡುಕಿ ಅಲ್ಲಿಗೇ ಬರುತ್ತಾನೆ. ಮಕ್ಕಳಿಬ್ಬರೂ ಒಂದೇ ಮನೆಯಲ್ಲಿ ಒಟ್ಟಿಗೆ ಬಾಳುತ್ತಿದ್ದರೆಂಬುದು ಹೆತ್ತವರಿಗೆ ತಿಳಿದಾಗ ಆ ತಾಯಿ ಬೆಚ್ಚುತ್ತಾರೆ. ಉದ್ದ ಕೂದಲನ್ನು ಜಡೆ ಜಡೆಯಾಗಿ ಹೆಣೆದುಕೊಂಡ, ಕೋಲು ಹಿಡಿದ, ಕಪ್ಪು ಬಣ್ಣದ ಈ ಮುಸಲ್ಮಾನ ಮುದುಕನ ಕೈಯನ್ನು ಕುಲುಕಲೂ ಅವರಿಗೆ ಮನಸ್ಸಾಗುವುದಿಲ್ಲ.

ಉಸ್ಮಾನ್ ಅದಕ್ಕೆ ಕೋಪಿಸಿಕೊಳ್ಳುವುದಿಲ್ಲ, ತನ್ನ ಒಳ್ಳೆಯತನವನ್ನು ಸಾಬೀತು ಮಾಡಲೂ ಹೋಗುವುದಿಲ್ಲ, ಸುಮ್ಮನೆ ಕಾಯುತ್ತಾನೆ. ಸಂಕಟದಲ್ಲಿರುವ ಇನ್ನೊಬ್ಬರಿಗೆ ಸಮಯ ಕೊಡುವ ಆ ಕಾಯುವಿಕೆಯೇ ಚಿತ್ರದ ಜೀವಾಳ. ತಾನು ಮಗನಿಗೆ ತಂದೆಯಾಗಿ ಇರಲಿಲ್ಲವೆಂಬ ಅಪರಾಧವನ್ನು ಅವನು ಎಲ್ಲಿಯೂ ಉದ್ದದ ಮಾತಿನಲ್ಲಿ ತೋಡಿಕೊಳ್ಳುವುದಿಲ್ಲ; ಮಗನ ಫೋಟೊವನ್ನು ಅಪರಿಚಿತರ ಮುಂದೆ ಹಿಡಿಯುವಾಗ ಅವನ ನೋಟದಲ್ಲಿ ಅದೆಲ್ಲವೂ ಇರುತ್ತದೆ. ತಾಳಮದ್ದಲೆ ಪ್ರಿಯರು ಭೀಷ್ಮನಲ್ಲಿ ಕಂಡ ಆ ಅಲುಗದ ನಿಲುವು ಇಲ್ಲಿ ಅರಮನೆ ಬಿಟ್ಟು, ಬಾಡಿಗೆ ಮನೆಯ ಮೆಟ್ಟಿಲ ಮೇಲೆ ಬಂದು ಕುಳಿತಿದೆ.

ಅದೇ ನಿರ್ದೇಶಕರ ಹಿಂದಿನ ಚಿತ್ರ, 2001ರಲ್ಲಿ ಬರ್ಲಿನ್ ಸ್ಪರ್ಧೆಗೆ ಬಂದ 'ಲಿಟಲ್ ಸೆನೆಗಲ್', ಬಯಲುಸೀಮೆಯವರು ಹೇಳಿದ ವಂಶಾವಳಿಯ ಮಾತಿಗೆ ನೇರವಾಗಿ ಸೇರುತ್ತದೆ. ಸೆನೆಗಲ್‌ನ ಗೋರೆ ದ್ವೀಪದಲ್ಲಿರುವ ಗುಲಾಮರ ಮನೆ ಈಗ ವಸ್ತುಸಂಗ್ರಹಾಲಯ. ಅಲ್ಲಿ ಪ್ರವಾಸಿಗಳಿಗೆ ವಿವರ ಹೇಳುತ್ತ ಮುದುಕನಾದ ಅಲೂನ್, ತನ್ನ ಮನೆತನದಿಂದ ಕದ್ದೊಯ್ದು ಮಾರಲ್ಪಟ್ಟವರ ಸಂತತಿಯನ್ನು ಹುಡುಕಿಕೊಂಡು ಅಮೆರಿಕಕ್ಕೆ ಹೋಗುತ್ತಾನೆ. ದಕ್ಷಿಣದ ತೋಟಗಳ ಹಳೆಯ ಕಡತಗಳನ್ನು ತಿರುವಿ, ಹೆಸರಿಗೆ ಹೆಸರು ಜೋಡಿಸುತ್ತ ನ್ಯೂಯಾರ್ಕಿನ ಹಾರ್ಲೆಮ್ ತಲುಪಿ, ಪತ್ರಿಕೆ ಮಾರುವ ಅಂಗಡಿಯ ಒಡತಿಯೊಬ್ಬಳಲ್ಲಿ ತನ್ನ ರಕ್ತವನ್ನು ಕಾಣುತ್ತಾನೆ. ಆಕೆಗೆ ಆಫ್ರಿಕದವರೆಂದರೆ ಬೇಸರ. ಅವನು ತನ್ನ ಗುರುತನ್ನು ಹೇಳದೆ ಆಕೆಯ ಅಂಗಡಿಯಲ್ಲೇ ಕೆಲಸಕ್ಕೆ ನಿಲ್ಲುತ್ತಾನೆ. ಕಡಿದುಹೋದ ವಂಶಾವಳಿಯನ್ನು ಕೂಡಿಸುವ ಕೆಲಸಕ್ಕೆ ಒಬ್ಬ ಕೂಯಾತೆಗಿಂತ ತಕ್ಕವರು ಯಾರು ಸಿಕ್ಕಾರು? ಆದರೆ ಕೂಡಿಸಿದ ಮಾತ್ರಕ್ಕೆ ಮನಸ್ಸುಗಳು ಕೂಡುವುದಿಲ್ಲವೆಂಬ ಸತ್ಯವನ್ನೂ ಚಿತ್ರ ಮುಚ್ಚಿಡುವುದಿಲ್ಲ.

ರಂಗಭೂಮಿ ವಿದ್ಯಾರ್ಥಿನಿ

ಒಂದು ಸೇರ್ಪಡೆ. ಮಾಲಿಯ ನಿರ್ದೇಶಕ ಶೇಕ್ ಉಮರ್ ಸಿಸೊಕೊ ಅವರ 1999ರ 'ಲಾ ಜನೆಸ್' ಚಿತ್ರದಲ್ಲಿ ಬೈಬಲ್ಲಿನ ಯಾಕೋಬನ ಕತೆ ಆಫ್ರಿಕದ ನೆಲದಲ್ಲಿ ನಡೆಯುತ್ತದೆ. ಯಾಕೋಬನಾಗಿ ಕೂಯಾತೆ, ಅವನ ಅಣ್ಣ ಏಸಾವನಾಗಿ ಪ್ರಸಿದ್ಧ ಗಾಯಕ ಸಲೀಫ್ ಕೇಯಿಟಾ ನಟಿಸಿದ್ದಾರೆ. ಕೇಯಿಟಾ ಮತ್ತು ಕೂಯಾತೆ ಎಂಬ ಎರಡು ಹೆಸರುಗಳು ಒಂದೇ ಚೌಕಟ್ಟಿನಲ್ಲಿ ಎದುರುಬದುರಾಗುವುದನ್ನು ಅಲ್ಲಿನ ಪ್ರೇಕ್ಷಕರು ಹೇಗೆ ನೋಡಿರಬಹುದೆಂದು ಈಗ, ಬಯಲುಸೀಮೆಯವರ ಬರಹ ಓದಿದ ಮೇಲೆ, ಊಹಿಸಬಲ್ಲೆ. ಚಾಡ್ ದೇಶದ ಮಹಮತ್ ಸಾಲೆ ಹರೂನ್ ಅವರು ಕೂಯಾತೆ ಕುರಿತು ಸಾಕ್ಷ್ಯಚಿತ್ರವನ್ನೂ ಮಾಡಿದ್ದಾರೆ.

ತಾಳಮದ್ದಲೆ ಪ್ರಿಯ

ಎಲ್ಲರಿಗೂ ಕೃತಜ್ಞತೆಗಳು. ಮೊದಲು 'ಕೇಯಿಟಾ' ನೋಡುತ್ತೇನೆ. ಏಳನೆಯ ತರಗತಿಯಲ್ಲಿರುವ ಮಗಳನ್ನೂ ಜೊತೆಗೆ ಕೂರಿಸಿಕೊಳ್ಳುವ ಆಲೋಚನೆ ಇದೆ. ಮೊನ್ನೆ ಅವಳು ನಮ್ಮ ಮನೆಯ ಹೆಸರಿನ ಅರ್ಥ ಕೇಳಿದಾಗ ನನ್ನಲ್ಲಿ ಉತ್ತರವಿರಲಿಲ್ಲ. ಬಯಲುಸೀಮೆಯವರೇ, ನಿಮ್ಮ ಕಡೆ ಹೆಳವರು ಈಗಲೂ ಬರುವುದುಂಟೇ? ಬರುವುದಾದರೆ ಯಾವ ತಿಂಗಳಲ್ಲಿ ಬರುತ್ತಾರೆಂದು ತಿಳಿಸಿ.